ಶ್ರೀಮಾನ್ ಅಸಲು ಅವರಿಗೆ ಒಂದು ಬಹಿರಂಗ ಪತ್ರ

ಗೆ,
ಶ್ರೀಮಾನ್ ಅಸಲು ಅವರು,
ಗೃಹಸಾಲ ಖಾತೆ, ಬಡ್ಡಿ ಕಾಲಂ ಪಕ್ಕ,
ಚಿಕ್ಕಬಳ್ಳಾಪುರ.

ಮಾನ್ಯರೇ,

ತಾವು ಕ್ಷೇಮವೆಂದು ಬಲ್ಲೆ. 2021ರ ಅಕ್ಟೋಬರ್‌ನಲ್ಲಿ ಮೂವತ್ತು ಲಕ್ಷದ ತುಂಬು ಮೈಯಲ್ಲಿ ನಮ್ಮ ಹೊಸಿಲು ದಾಟಿ ಬಂದಿರಿ. ಎರಡು ವರ್ಷ ಕಂತು ಕಟ್ಟಿದ ಮೇಲೂ ಅದೇ ಮೈ, ಅದೇ ಕಳೆ. ಇಳಿದುಹೋದವನು ನಾನೊಬ್ಬನೇ.

ನಿಮಗೆ ಪತ್ರ ಬರೆಯುವುದು ಇದೇ ಮೊದಲು. ತಪ್ಪು ನನ್ನದೇ. ಸಾಲ ತರುವಾಗ ಬಡ್ಡಿಯ ಬಗ್ಗೆ ಹತ್ತು ಜನರನ್ನು ಕೇಳಿದೆ, ಕಂತಿನ ಬಗ್ಗೆ ಇಪ್ಪತ್ತು ಜನರನ್ನು ಕೇಳಿದೆ. ನಿಮ್ಮ ಆರೋಗ್ಯ ವಿಚಾರಿಸಬೇಕು ಅಂತ ತೋಚಲೇ ಇಲ್ಲ. ನಮ್ಮಜ್ಜಿ ಮೊಮ್ಮಕ್ಕಳನ್ನು ತೊಡೆಯ ಮೇಲೆ ಕೂರಿಸಿಕೊಂಡು, 'ಅಸಲಿಗಿಂತ ಬಡ್ಡಿ ಮುದ್ದು ಕಣಪ್ಪ' ಎನ್ನುತ್ತಿದ್ದಳು. ಅಜ್ಜಿ ಹೇಳಿದ್ದನ್ನು ನಾನು ಬ್ಯಾಂಕಿನಲ್ಲೂ ಪಾಲಿಸಿದೆ.

ನಮ್ಮ ಸೀಮೆಯಲ್ಲಿ ಮನೆಯೊಳಗೆ ಕನ್ನಡ, ಬೀದಿಗೆ ಇಳಿದರೆ ತೆಲುಗು. ಬಡ್ಡಿಯವರು ಭಾಷೆ ಬದಲಾದ ಕೂಡಲೇ 'ವಡ್ಡಿ' ಆಗಿಬಿಡುತ್ತಾರೆ, ಊರಿಗೆ ತಕ್ಕ ವೇಷ. ನೀವು ಮಾತ್ರ ಎರಡು ಭಾಷೆಯಲ್ಲೂ ಅಸಲೇ. ಅಲ್ಲಾಡದ ಸ್ವಭಾವ ಅಂದರೆ ಇದು ಅಂತ ಆಗಲೇ ತಿಳಿಯಬೇಕಿತ್ತು.

ಮನೆ ಕೊಂಡ ಕಥೆ ನಿಮಗೆ ಗೊತ್ತೇ ಇದೆ. ದೇವನಹಳ್ಳಿಯಲ್ಲಿ 2008ರಿಂದ ವಿಮಾನ ಇಳಿಯುತ್ತಿದೆ. ಅಂದಿನಿಂದ ನಮ್ಮ ಕಡೆ ಜಮೀನಿನ ಬೆಲೆ ಮಾತ್ರ ಇಳಿದಿಲ್ಲ. ಹೆದ್ದಾರಿಯ ಎರಡೂ ಬದಿ 'ಏರ್‌ಪೋರ್ಟ್‌ಗೆ ಇಪ್ಪತ್ತೇ ನಿಮಿಷ' ಎಂಬ ಬೋರ್ಡುಗಳು. ದ್ರಾಕ್ಷಿ ಚಪ್ಪರ ಕಿತ್ತು ಬಡಾವಣೆ ಮಾಡುತ್ತಾರೆ, ಆಮೇಲೆ ಆ ಬಡಾವಣೆಗೆ ದ್ರಾಕ್ಷಿ ತೋಟದ್ದೇ ಇಂಗ್ಲಿಷ್ ಹೆಸರು ಇಡುತ್ತಾರೆ. ಅಂಥ ಒಂದರಲ್ಲಿ ನನ್ನದೂ ಮೂವತ್ತು-ನಲವತ್ತರ ಸೈಟು, ಅದರ ಮೇಲೊಂದು ಮನೆ. ಬಾಡಿಗೆ ಕಟ್ಟುವ ದುಡ್ಡಲ್ಲೇ ಮನೆ ನಿಮ್ಮದಾಗುತ್ತೆ ಎಂದು ಸೈಟಿನವರು ಹೇಳಿದರು. ಈಗಲೂ ಬಾಡಿಗೆಯನ್ನೇ ಕಟ್ಟುತ್ತಿದ್ದೇನೆ ಅಂತ ಅನ್ನಿಸುತ್ತದೆ. ಸುಣ್ಣಬಣ್ಣ, ಮೋಟಾರ್ ರಿಪೇರಿ, ಕಂದಾಯ ಮಾತ್ರ ಮಾಲೀಕನ ಲೆಕ್ಕಕ್ಕೆ.

ಬ್ಯಾಂಕಿನ ಹೆಸರು ಹೇಳುವುದಿಲ್ಲ. ಅಲ್ಲಿನ ಹುಡುಗ ಒಳ್ಳೆಯವನು, ಕಾಫಿ ತರಿಸಿಕೊಟ್ಟ. 'ಸಾರ್, 6.75 ಪರ್ಸೆಂಟ್. ಇಂಥ ರೇಟು ನಿಮ್ಮ ಜೀವಮಾನದಲ್ಲೇ ಸಿಗಲ್ಲ. ಕಂತು 22,811 ಅಷ್ಟೇ' ಎಂದ. ಇಪ್ಪತ್ತೆರಡೂವರೆ ಸಾವಿರಕ್ಕೆ ಸ್ವಲ್ಪ ಮೇಲೆ ಅನ್ನಿಸಿತು, ಸರಿ ಎಂದೆ. ಇಪ್ಪತ್ತು ವರ್ಷಕ್ಕೆ 240 ಸಲ ಅದೇ ಮೊತ್ತ ಕೊಟ್ಟರೆ 54 ಲಕ್ಷ 74 ಸಾವಿರ ಆಗುತ್ತೆ ಅಂತ ಅವನು ಹೇಳಲಿಲ್ಲ. ಗುಣಾಕಾರ ಬರುವ ನಾನೂ ಕೇಳಲಿಲ್ಲ. ಸಾಲದ ಜೊತೆ ಒಂದು ವಿಮೆ ಮಾಡಿಸಿದ್ದರು, ಅರವತ್ತು ಸಾವಿರ. 'ಕೈಯಿಂದ ಕೊಡೋದು ಬೇಡ ಸಾರ್, ಸಾಲದಲ್ಲೇ ಸೇರಿಸಿಬಿಡೋಣ' ಎಂಬ ಅನುಕೂಲ ಬೇರೆ. ಆ ಅರವತ್ತು ಸಾವಿರ ಇಪ್ಪತ್ತು ವರ್ಷದಲ್ಲಿ ಒಂದು ಲಕ್ಷ ಒಂಬತ್ತು ಸಾವಿರ ಆಗುತ್ತದೆ. ನಾನು ಸತ್ತರೆ ಸಾಲ ತೀರಲಿ ಅಂತ ಮಾಡಿಸಿದ ವಿಮೆಗೂ ಸಾಲ, ಆ ಸಾಲಕ್ಕೂ ಬಡ್ಡಿ.

ಮೊದಲ ತಿಂಗಳು ನಾನು ಕೊಟ್ಟ 22,811ರಲ್ಲಿ ಬಡ್ಡಿಯವರು 16,875 ತಿಂದರು. ನಿಮ್ಮ ಎಲೆಗೆ ಬಿದ್ದದ್ದು 5,936. ನಿಮ್ಮ ಪಾಲು ಅವರ ಪಾಲನ್ನು ದಾಟುವುದು ಹತ್ತನೇ ವರ್ಷದ ಕೊನೆಗೆ ಅಂತ ಪಟ್ಟಿಯಲ್ಲೇ ಇತ್ತು. ಆ ಪಟ್ಟಿ ಸಾಲಪತ್ರದ ಹಿಂಬದಿಯಲ್ಲೆಲ್ಲೋ ಇತ್ತು, ನಾನು ಮುಂದಿನ ಪುಟಗಳಲ್ಲಿ ಸಹಿ ಮಾಡುವುದರಲ್ಲಿ ಮುಳುಗಿದ್ದೆ.

ನಮ್ಮಪ್ಪ ಶಿಡ್ಲಘಟ್ಟ ತಾಲ್ಲೂಕಿನ ರೇಷ್ಮೆ ಬೆಳೆಗಾರ. ಅವರಿಗೆ ಪರ್ಸೆಂಟು ಗೊತ್ತಿಲ್ಲ. ನೂರಕ್ಕೆ ತಿಂಗಳಿಗೆ ಎಷ್ಟು ರೂಪಾಯಿ ಅಂತಲೇ ಅವರ ಲೆಕ್ಕ. ಎರಡು ರೂಪಾಯಿ ಬಡ್ಡಿ, ಮೂರು ರೂಪಾಯಿ ಬಡ್ಡಿ, ಮುಂಗಾರು ಕೈಕೊಟ್ಟ ವರ್ಷ ಐದು. ನನ್ನ 6.75 ಅನ್ನು ಹನ್ನೆರಡರಿಂದ ಭಾಗಿಸಿ ಹೇಳಿದೆ: ಐವತ್ತಾರು ಪೈಸೆ ಬಡ್ಡಿ. ಅಪ್ಪ ನಂಬಲಿಲ್ಲ. 'ಐವತ್ತಾರು ಪೈಸೆಗೆ ಯಾವನ್ ಕೊಡ್ತಾನಪ್ಪ? ಏನೋ ಮೋಸ ಐತೆ, ನೋಡ್ಕೋ' ಅಂದರು. ಮೋಸ ಇರಲಿಲ್ಲ. ಕಾಲಾವಧಿ ಇತ್ತು. ಅಪ್ಪನ ಎರಡು ರೂಪಾಯಿ ಸಾಲ ಗೂಡು ಮಾರಿದ ದಿನ ತೀರುತ್ತಿತ್ತು. ಮೊಟ್ಟೆ ತಂದ ದಿನದಿಂದ ಗೂಡು ಮಾರ್ಕೆಟ್ಟಿಗೆ ಹೋಗುವ ತನಕ ತಿಂಗಳು, ಹೆಚ್ಚೆಂದರೆ ಒಂದೂವರೆ ತಿಂಗಳು. ನನ್ನ ಐವತ್ತಾರು ಪೈಸೆಯವರು ಇಪ್ಪತ್ತು ವರ್ಷಕ್ಕೆ ಹಾಸಿಗೆ ಹಾಸಿಕೊಂಡು ಬಂದಿದ್ದರು.

ಕೆಳಗಿನದು ನಿಮಗೂ ನೋವಾಗುವ ವಿಷಯ, ಆದರೂ ಬರೆಯುತ್ತೇನೆ. 2022ರ ಮೇ 4ರಂದು, ಯಾರೂ ನಿರೀಕ್ಷಿಸದ ದಿನ, ರಿಸರ್ವ್ ಬ್ಯಾಂಕ್ ತಾನು ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರವನ್ನು ಏರಿಸಿತು. ಶೇ 4 ಇದ್ದದ್ದು ಒಂಬತ್ತು ತಿಂಗಳಲ್ಲಿ ಶೇ 6.5ಕ್ಕೆ ಬಂತು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಗೃಹಸಾಲಗಳು ಇಂಥ ಹೊರಗಿನ ದರಕ್ಕೆ ಕಟ್ಟಿಕೊಂಡಿವೆ. ಅಲ್ಲಿ ಗಂಟೆ ಬಾರಿಸಿದರೆ ಇಲ್ಲಿ ನನ್ನ ಗೋಡೆ ನಡುಗುತ್ತದೆ. ನನ್ನ ದರ 9.25 ಆಯಿತು. ಅಪ್ಪನ ಲೆಕ್ಕದಲ್ಲಿ ಎಪ್ಪತ್ತೇಳು ಪೈಸೆ. ಬರೀ ಇಪ್ಪತ್ತೊಂದು ಪೈಸೆ ಹೆಚ್ಚಾಗಿದ್ದು. ಇಪ್ಪತ್ತೊಂದು ಪೈಸೆಗೆ ಈಗ ಪೆಪ್ಪರ್‌ಮೆಂಟೂ ಬರುವುದಿಲ್ಲ.

ಕಂತು ಮಾತ್ರ ಬದಲಾಗಲಿಲ್ಲ. ಅದೇ 22,811. ನಮ್ಮ ಬ್ಯಾಂಕಿನವರು ಎಷ್ಟು ದಯಾವಂತರು ಅಂತ ಆಫೀಸಿನಲ್ಲಿ ಹೇಳಿಕೊಂಡು ತಿರುಗಿದೆ. ಗೌರಿಬಿದನೂರಿನಿಂದ ದಿನಾ ರೈಲಿನಲ್ಲಿ ಬರುವ ಸಹೋದ್ಯೋಗಿಯೊಬ್ಬರು, 'ಆಪ್ ತೆಗೆದು ಬಾಕಿ ಕಂತು ಎಷ್ಟಿದೆ ನೋಡಿ' ಎಂದರು. ನೋಡಿದೆ. 240ರಲ್ಲಿ ಹದಿನಾರು ಕಟ್ಟಿ ಮುಗಿಸಿದವನಿಗೆ ಇನ್ನೂ ಆರುನೂರರ ಹತ್ತಿರ ಬಾಕಿ! ನನಗಾಗ ಮೂವತ್ತೆಂಟು ವರ್ಷ. ಸಾಲ ತೀರುವ ಹೊತ್ತಿಗೆ ತೊಂಬತ್ತಕ್ಕೆ ಎರಡು ಕಮ್ಮಿ. ಆ ತಿಂಗಳು ಬಡ್ಡಿಯವರು ಊಟ ಮುಗಿಸಿ ಕೈ ತೊಳೆದ ಮೇಲೆ ನಿಮಗೆ ಉಳಿದದ್ದು ಇನ್ನೂರು ರೂಪಾಯಿಯ ಆಸುಪಾಸು.

ಇನ್ನೂರು ರೂಪಾಯಿ ಎಂದರೆ ಎಷ್ಟು? 2023ರ ಜುಲೈನಲ್ಲಿ ಟೊಮೆಟೊ ಕೆ.ಜಿ.ಗೆ ನೂರು ದಾಟಿತ್ತಲ್ಲ, ಚಿಂತಾಮಣಿ ಮಂಡಿಯಲ್ಲಿ ಕ್ರೇಟುಗಳನ್ನು ಕಾಯಲು ಜನ ರಾತ್ರಿ ಮಲಗುತ್ತಿದ್ದ ಕಾಲ. ನನ್ನ ಭಾವಮೈದ ಅಲ್ಲೇ ವ್ಯಾಪಾರ ಮಾಡುತ್ತಾನೆ. ಅವನ ಮುಂದೆ ನನ್ನ ಗೋಳು ಹೇಳಿಕೊಂಡೆ. 'ಅಂದರೆ ಭಾವ, ನೀವು ಇಪ್ಪತ್ತೆರಡು ಸಾವಿರ ಕೊಟ್ಟು ತಿಂಗಳಿಗೆ ಎರಡು ಕೆ.ಜಿ. ಟೊಮೆಟೊ ತರ್ತಾ ಇದೀರ' ಎಂದು ಒಂದೇ ಮಾತಿನಲ್ಲಿ ಮುಗಿಸಿದ. ಅಮಾರ್ಟೈಸೇಷನ್ ಎಂಬ ಪದ ನನಗೆ ನಾಲ್ಕು ಜನ ವಿವರಿಸಿದ್ದಾರೆ, ಅರ್ಥವಾದದ್ದು ಇವನಿಂದ.

ನೀವು ಹುಟ್ಟಿದ್ದು ಎಲ್ಲೋ, ಆದರೆ ನಮ್ಮ ಜಿಲ್ಲೆಗೆ ನಿಮ್ಮ ಪರಿಚಯ ಹಳೆಯದು. ಮುದ್ದೇನಹಳ್ಳಿಯ ವಿಶ್ವೇಶ್ವರಯ್ಯನವರು ದಿವಾನರಾಗಿದ್ದಾಗ, 1913ರಲ್ಲಿ, ಮೈಸೂರು ಬ್ಯಾಂಕ್ ಶುರುವಾಯಿತು. ಅದು 2017ರಲ್ಲಿ ಸ್ಟೇಟ್ ಬ್ಯಾಂಕಿನಲ್ಲಿ ವಿಲೀನವಾಯಿತು. ನನ್ನ ಸಾಲಕ್ಕೂ ಅದಕ್ಕೂ ಸಂಬಂಧವಿಲ್ಲ. ಸರ್ಕಾರಿ ಕೆಲಸಕ್ಕೆ ಸರ್ಕಾರದ ಮೇಣದಬತ್ತಿ, ಸ್ವಂತ ಕೆಲಸಕ್ಕೆ ಸ್ವಂತದ ಬತ್ತಿ ಹಚ್ಚುತ್ತಿದ್ದರು ಅಂತ ವಿಶ್ವೇಶ್ವರಯ್ಯನವರ ಬಗ್ಗೆ ಶಾಲೆಯಲ್ಲಿ ಕಥೆ ಹೇಳಿಕೊಟ್ಟಿದ್ದರು. ಎರಡು ಖಾತೆ ಬೇರೆ ಬೇರೆ ಇಡಬೇಕು ಎನ್ನುವುದು ಆ ಕಥೆಯ ತಿರುಳು. ನಾವು ಬತ್ತಿಯನ್ನು ನೆನಪಿಟ್ಟುಕೊಂಡೆವು, ಖಾತೆಯನ್ನು ಮರೆತೆವು. ಗೌರಿಬಿದನೂರು ತಾಲ್ಲೂಕಿನ ಹೊಸೂರಿನ ಎಚ್. ನರಸಿಂಹಯ್ಯನವರ ದಾರಿ ಇನ್ನೂ ನೇರ. ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾದರೂ ಬಸವನಗುಡಿಯ ನ್ಯಾಷನಲ್ ಕಾಲೇಜು ಹಾಸ್ಟೆಲಿನ ಒಂದು ಕೋಣೆಯಲ್ಲೇ ಬಾಳಿದರು. ಪವಾಡಗಳನ್ನು ಪರೀಕ್ಷಿಸಲು 1976ರಲ್ಲಿ ಸಮಿತಿ ಮಾಡಿದವರು ಅವರು. ಎರಡು ವರ್ಷ ದುಡ್ಡು ಸುರಿದರೂ ಕರಗದ ಮೂವತ್ತು ಲಕ್ಷವನ್ನು ಆ ಸಮಿತಿಯ ಮುಂದೆ ಇಡಬೇಕಿತ್ತು.

ಶಾಸ್ತ್ರದಲ್ಲಾದರೂ ರಕ್ಷಣೆ ಇದೆಯೇ ಎಂದು ಹುಡುಕಿದೆ. ಇದೆ. ಬಡ್ಡಿಯನ್ನು ಒಂದೇ ಸಲ ವಸೂಲು ಮಾಡಿದರೆ ಒಟ್ಟು ಮೊತ್ತ ಅಸಲಿನ ಎರಡರಷ್ಟನ್ನು ಮೀರಬಾರದು ಎಂದು ಸ್ಮೃತಿಗಳು ಹೇಳುತ್ತವೆ. ಸಾಲದ ಈ ವ್ಯವಹಾರವನ್ನು ಬಿಡಿಸಿ ಹೇಳಿದವರಲ್ಲಿ ಮಿತಾಕ್ಷರ ಬರೆದ ವಿಜ್ಞಾನೇಶ್ವರನೂ ಒಬ್ಬ, ನಮ್ಮ ಕಲ್ಯಾಣದವನು. ದಾಮ್‌ದುಪ್ಪಟ್ ಎಂಬ ಹೆಸರಲ್ಲಿ ಬ್ರಿಟಿಷರ ಕಾಲದ ಮುಂಬೈ ಕೋರ್ಟುಗಳೂ ಇದನ್ನು ಒಪ್ಪಿದ್ದವು. ಹಿಗ್ಗಿದೆ. ಆಮೇಲೆ 'ಒಂದೇ ಸಲ' ಎಂಬ ಮಾತು ಕಣ್ಣಿಗೆ ಬಿತ್ತು. ತಿಂಗಳು ತಿಂಗಳು ಕೊಡುವವನಿಗೆ ಆ ಮಿತಿ ಇಲ್ಲ. ಇಎಂಐಗೆ ಕಿಂಡಿ ಆಗಲೇ ತೆಗೆದಿಟ್ಟಿದ್ದರು.

ನಿಯಮ ಮಾಡುವವರ ಕಡೆಯಿಂದ ಆದದ್ದನ್ನೂ ಹೇಳಿಬಿಡುತ್ತೇನೆ, ನ್ಯಾಯವಾಗಿ. 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು: ದರ ಏರಿದರೆ ಸಾಲಗಾರನಿಗೆ ತಿಳಿಸಬೇಕು, ಕಂತು ಏರಿಸುವುದೋ, ಅವಧಿ ಎಳೆಯುವುದೋ, ಎರಡೂ ಮಾಡುವುದೋ ಅವನೇ ಆರಿಸಲಿ, ಅವಧಿ ಎಳೆಯುವ ನೆಪದಲ್ಲಿ ಕಂತು ಬಡ್ಡಿಗೂ ಸಾಲದಂತೆ ಆಗಬಾರದು. 2024ರ ಅಕ್ಟೋಬರ್‌ನಿಂದ ಹೊಸ ಸಾಲಕ್ಕೆ ಎಲ್ಲ ಖರ್ಚು ಸೇರಿಸಿದ ವಾರ್ಷಿಕ ದರವನ್ನೂ ಕಂತಿನ ಪೂರ್ತಿ ಪಟ್ಟಿಯನ್ನೂ ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಕೊಡಬೇಕು. ನಾನು ಮೂರು ವರ್ಷ ಮೊದಲೇ ಅರ್ಥವಾಗದ ಭಾಷೆಯಲ್ಲಿ ಸಹಿ ಹಾಕಿದ್ದೆ. ಶೇ 6.5ಕ್ಕೆ ಏರಿದ ರೆಪೊ ಇಳಿಯಲು ಶುರುವಾದದ್ದು ಸರಿಯಾಗಿ ಎರಡು ವರ್ಷದ ಮೇಲೆ, 2025ರ ಫೆಬ್ರುವರಿಯಲ್ಲಿ.

ಸುತ್ತೋಲೆ ಬಂದ ಮೇಲೆ ನನಗೂ ಕರೆ ಬಂತು. ಮೂಲ ಅವಧಿಯೊಳಗೇ ಮುಗಿಸಬೇಕಾದರೆ ಕಂತು ಸುಮಾರು 27,900. ಒಪ್ಪಿಕೊಂಡು ಊರಿಗೆ ಹೋಗಿ ಜಗಲಿಯ ಮೇಲೆ ಕೂತೆ. ಅಪ್ಪ ಹುಳದ ಮನೆಯಲ್ಲಿದ್ದರು. ನಾಲ್ಕನೇ ಜ್ವರ ಎದ್ದ, ಅಂದರೆ ನಾಲ್ಕನೇ ಸಲ ಪೊರೆ ಬಿಟ್ಟ, ಹುಳ ಸೊಪ್ಪು ತಿನ್ನುವ ಸದ್ದು ನೀವು ಕೇಳಿದ್ದೀರೋ ಇಲ್ಲವೋ, ಹೆಂಚಿನ ಮೇಲೆ ಮಳೆ ಬಿದ್ದ ಹಾಗೆ. ಇಡೀ ಬೆಳೆಯಲ್ಲಿ ತಿನ್ನುವ ಸೊಪ್ಪಿನಲ್ಲಿ ಮುಕ್ಕಾಲಿಗಿಂತ ಹೆಚ್ಚು ಆ ಕೊನೆಯ ವಾರದಲ್ಲೇ. ಎಲ್ಲ ಕೇಳಿಸಿಕೊಂಡ ಅಪ್ಪ ಹಿಪ್ಪುನೇರಳೆ ಕಡ್ಡಿ ಹರವುತ್ತಲೇ ಹೇಳಿದರು: 'ನಮ್ ಹುಳ ಕೊನೇಗ್ ತಿಂತೈತೆ, ತಿಂದು ಗೂಡು ಕೊಡ್ತೈತೆ. ನಿನ್ ಬ್ಯಾಂಕಿನ್ ಹುಳ ಹುಟ್ಟಿದ್ ದಿನದಿಂದಾನೆ ತಿನ್ನಕ್ ಹತ್ತೈತೆ. ಸೊಪ್ಪು ಕಮ್ಮಿ ಮಾಡ್ಬೇಕಾದ್ರೆ ಈಗ್ಲೇ ಮಾಡ್ಬೇಕು.' (ಮನೆ ಕಟ್ಟಿಕೊಂಡು ಅದರಲ್ಲೇ ಸಾಯುವ ಹುಳುವಿನ ಹೋಲಿಕೆ ಇಲ್ಲಿ ಸಲೀಸಾಗಿ ಹೊಂದುತ್ತಿತ್ತು. ಅದನ್ನು ಅಕ್ಕಮಹಾದೇವಿ ಎಂದೋ ಮುಗಿಸಿಬಿಟ್ಟಿದ್ದಾಳೆ, ನಾನು ಕೈಹಾಕುವುದಿಲ್ಲ.)

ಆ ಬೆಳೆಯದೂ ಹಿಂದಿನ ಬೆಳೆಯದೂ ಸೇರಿಸಿ ಅಪ್ಪ ಒಂದು ಲಕ್ಷ ಕೊಟ್ಟರು. ಕೊಟ್ಟಿದ್ದಷ್ಟೇ ಅಲ್ಲ, ಬ್ಯಾಂಕಿಗೆ ಜೊತೆಯಲ್ಲೇ ಬಂದರು. ಫ್ಲೋಟಿಂಗ್ ದರದ ಗೃಹಸಾಲವನ್ನು ಮುಂಚೆಯೇ ಕಟ್ಟಿದರೆ ದಂಡ ಹಾಕುವಂತಿಲ್ಲ ಎಂದು 2012ರಲ್ಲೇ ನಿಯಮವಾಗಿದೆ. ಹನ್ನೊಂದು ವರ್ಷದಿಂದ ತೆರೆದಿದ್ದ ಬಾಗಿಲಿಗೆ ನಾನು ಎರಡು ವರ್ಷದಿಂದ ಬೆನ್ನು ಮಾಡಿ ಕೂತಿದ್ದೆ.

ಕೌಂಟರಿನಲ್ಲಿದ್ದ ಹುಡುಗಿ ಚೆಕ್ ತೆಗೆದುಕೊಂಡು, ಕಂಪ್ಯೂಟರ್‌ನಿಂದ ಕಣ್ಣು ತೆಗೆಯದೆ ಕೇಳಿದಳು: 'ಕಂತು ಕಮ್ಮಿ ಮಾಡ್ಲಾ ಸಾರ್, ಅವಧಿ ಕಮ್ಮಿ ಮಾಡ್ಲಾ?' ಕಂತು ಕಮ್ಮಿ ಮಾಡಿದರೆ ತಿಂಗಳಿಗೆ ಒಂಬೈನೂರೈವತ್ತು ರೂಪಾಯಿ ಉಳಿಯುತ್ತಿತ್ತು. ಹೆಂಡತಿಯ ಮುಖ, ಮಗಳ ಸ್ಕೂಲ್ ವ್ಯಾನು, ಗ್ಯಾಸು ಎಲ್ಲ ಕಣ್ಣ ಮುಂದೆ ಬಂತು. 'ಕಂತು' ಎಂದು ಬಾಯಿ ತೆರೆದೆ.

ಹಿಂದಿನ ಬೆಂಚಿನಿಂದ ಅಪ್ಪ ಎದ್ದು ಬಂದರು. 'ಅಮ್ಮಾ, ಅವಧಿ ಕಮ್ಮಿ ಮಾಡಿದ್ರೆ ಎಷ್ಟು ಕಂತು ಹೋಯ್ತದೆ?'

'ಹದಿನೇಳು, ಯಜಮಾನ್ರೇ.'

ಅಪ್ಪ ಬೆರಳು ಮಡಿಸಿ ಲೆಕ್ಕ ಹಾಕಿದರು. ಹದಿನೇಳು ಸಲ 27,900. ಬೆರಳು ಸಾಲಲಿಲ್ಲ, ಹುಡುಗಿಯೇ ಕ್ಯಾಲ್ಕುಲೇಟರ್ ಒತ್ತಿ ತೋರಿಸಿದಳು. 4,74,300. ಒಂದು ಲಕ್ಷಕ್ಕೆ. ಅಪ್ಪ ನನ್ನ ಕಡೆ ತಿರುಗಿಯೂ ನೋಡಲಿಲ್ಲ.

'ಅವಧೀನೇ ಕಮ್ಮಿ ಮಾಡ್ಬಿಡಮ್ಮ. ಅವ್ನ್ ಮಾತ್ ಕೇಳ್ಬೇಡ.'

ಅಸಲು ಅವರೇ, ಆ ದಿನ ನಿಮ್ಮ ಮೈ ಮೊದಲ ಸಲ ಸ್ವಲ್ಪ ಕರಗಿತು. ನೋವಾಗಿದ್ದರೆ ಕ್ಷಮೆ ಇರಲಿ. ಸಾಲ ಪೂರ್ತಿ ತೀರಿದ ಮೇಲೆ ಮೂವತ್ತು ದಿನದೊಳಗೆ ಮನೆಯ ಪತ್ರ ವಾಪಸ್ ಕೊಡಬೇಕು, ಬ್ಯಾಂಕಿನ ತಪ್ಪಿನಿಂದ ತಡವಾದರೆ ದಿನಕ್ಕೆ ಐದು ಸಾವಿರ ಅವರೇ ನನಗೆ ತೆರಬೇಕು ಎಂಬ ನಿಯಮವೂ ಈಗ ಇದೆ. ದೇವರ ಮುಂದೆ ದೀಪ ಹಚ್ಚುವಾಗಲೆಲ್ಲ ಅವರು ಒಂದು ಎರಡು ತಿಂಗಳು ತಡ ಮಾಡಲಿ ಎಂದು ಬೇಡಿಕೊಳ್ಳುತ್ತಿದ್ದೇನೆ.

ಇಂತಿ ತಮ್ಮ ವಿಧೇಯ,
ಸಾಲಗಾರ,
ಚಿಕ್ಕಬಳ್ಳಾಪುರ

ಅಡಕ: ಒಂದು ಲಕ್ಷದ ರಸೀದಿ.

ವಿ.ಸೂ.: ಬಡ್ಡಿಯವರಿಗೆ ಈ ಪತ್ರದ ಪ್ರತಿ ಕಳಿಸಿಲ್ಲ. ಐದನೇ ತಾರೀಖು ಹೇಗೂ ಬರುತ್ತಾರಲ್ಲ, ಆಗ ಓದಿಕೊಳ್ಳಲಿ.