ಸೋಲುವುದರಲ್ಲೂ ಸೋತವರು

ಡೆಟ್ರಾಯ್ಟಿನ ಕಾರು ಕಾರ್ಖಾನೆಗಳ ಮುಷ್ಕರ ಮುಗಿಯುವ ಹೊತ್ತಿಗೆ ಸರಿಯಾಗಿ ಡೆಟ್ರಾಯ್ಟ್ ಪಿಸ್ಟನ್ಸ್ ತಂಡದ ಮುಷ್ಕರ ಶುರುವಾಯಿತು. 2023ರ ಅಕ್ಟೋಬರ್ 30. ಫೋರ್ಡ್, ಸ್ಟೆಲಾಂಟಿಸ್ ಆಗಲೇ ರಾಜಿಯಾಗಿದ್ದವು. ಅಂದು ಜನರಲ್ ಮೋಟಾರ್ಸೂ ಕಾರ್ಮಿಕ ಸಂಘದ ಜೊತೆ ಒಪ್ಪಂದಕ್ಕೆ ಬಂತು. ಆರು ವಾರ ಅಂಗೈ ಉಜ್ಜುತ್ತ ಕೂತಿದ್ದ ನಮ್ಮಂಥ ಬಿಡಿಭಾಗದ ಕಂಪನಿಯವರು ಅಬ್ಬಾ ಎಂದು ಉಸಿರು ಬಿಟ್ಟೆವು. ಅದೇ ರಾತ್ರಿ ಒಕ್ಲಹೋಮ ಸಿಟಿಯಲ್ಲಿ ನಮ್ಮ ಬ್ಯಾಸ್ಕೆಟ್‌ಬಾಲ್ ಹುಡುಗರು ಸೋತರು. ಅದೇನು ಸುದ್ದಿಯಲ್ಲ. ಎನ್‌ಬಿಎ ಸೀಸನ್ನೆಂದರೆ 82 ಪಂದ್ಯ, ಪ್ರತಿ ಸೋಲಿಗೂ ಅಳುತ್ತ ಕೂತರೆ ಸಂಸಾರ ಮಾಡುವುದು ಯಾವಾಗ? ಆದರೆ ನಮ್ಮವರು ಮತ್ತೆ ಗೆದ್ದದ್ದು ಡಿಸೆಂಬರ್ 30ಕ್ಕೆ. ನಡುವೆ ಆಡಿದ್ದು 28, ಸೋತದ್ದು 28.

ನಾನು ಪಿಸ್ಟನ್ಸ್ ಕಡೆಗೆ ವಾಲಿದ್ದು ಭಕ್ತಿಯಿಂದಲ್ಲ, ಬಜೆಟ್ಟಿನಿಂದ. ಆ ವರ್ಷ ಊರಿಗೆ ಊರೇ ಫುಟ್‌ಬಾಲಿನ ಲಯನ್ಸ್ ಹಿಂದೆ ಬಿದ್ದಿತ್ತು. 2008ರಲ್ಲಿ ಆಡಿದ 16 ಪಂದ್ಯಗಳನ್ನೂ ಸೋತು ಜಗತ್ತಿಗೆಲ್ಲ ನಗೆಪಾಟಲಾಗಿದ್ದ ತಂಡ, 30 ವರ್ಷಗಳ ಮೇಲೆ ತನ್ನ ಗುಂಪಿನಲ್ಲಿ ಮೊದಲ ಸ್ಥಾನಕ್ಕೆ ಬಂದಿತ್ತು. ಇಲ್ಲಿಯ ಪಂಪ ಕನ್ನಡ ಕೂಟದ ಕಾರ್ಯಕ್ರಮಕ್ಕೆ ಹೋದರೂ ಜರತಾರಿ ಶಲ್ಯದ ಕೆಳಗೆ ಲಯನ್ಸಿನ ನೀಲಿ ಅಂಗಿ. ಗೆದ್ದೆತ್ತಿನ ಬಾಲ ಹಿಡಿಯಲಿಕ್ಕೂ ಕಾಸು ಬೇಕು. ಆ ಬಾಲದ ದರ ಆಗ ನನಗೆ ನಿಲುಕುತ್ತಿರಲಿಲ್ಲ. ಪಿಸ್ಟನ್ಸ್ ಟಿಕೆಟ್ ಮಾತ್ರ ಒಂದು ಪಿಜ್ಜಾದ ಬೆಲೆಗೆ ಸಿಗುತ್ತಿತ್ತು. ಜೊತೆಗೆ ನಾನು ಬೆಂಗಳೂರಿನವನು. ಆರ್‌ಸಿಬಿಗೆ ಆಗಿನ್ನೂ ಕಪ್ ಬಂದಿರಲಿಲ್ಲ, 2017ರಲ್ಲಿ 49ಕ್ಕೆ ಆಲೌಟಾದದ್ದನ್ನು ಕಣ್ಣಾರೆ ಕಂಡವನು. ಸೋಲುವ ತಂಡವನ್ನು ಸಾಕಿಕೊಳ್ಳುವುದು ಹೇಗೆಂದು ನನಗೆ ಅಮೆರಿಕದವರು ಹೇಳಿಕೊಡಬೇಕಿರಲಿಲ್ಲ.

ಹಾಗೆಂದು ಪಿಸ್ಟನ್ಸ್ ಹುಟ್ಟಾ ಬಡವರಲ್ಲ. ಇಂಡಿಯಾನಾದ ಫೋರ್ಟ್ ವೇನ್‌ನಲ್ಲಿ ನಿಜವಾದ ಪಿಸ್ಟನ್ ತಯಾರಿಸುತ್ತಿದ್ದ ಫ್ರೆಡ್ ಜೋಲ್ನರ್ ಕಟ್ಟಿದ ತಂಡ. 1957ರಲ್ಲಿ ಡೆಟ್ರಾಯ್ಟಿಗೆ ಬಂತು. 1989, 1990, 2004, ಹೀಗೆ ಮೂರು ಸಲ ಚಾಂಪಿಯನ್. 2023ರಲ್ಲಂತೂ ದುಡ್ಡಿಗೆ ಹಿಂದೆಮುಂದೆ ನೋಡದೆ ಮಾಂಟಿ ವಿಲಿಯಮ್ಸ್ ಎಂಬ ದೊಡ್ಡ ಕೋಚನ್ನು ಆರು ವರ್ಷಕ್ಕೆ ಗೊತ್ತು ಮಾಡಿದರು. ಸಂಬಳ 7.85 ಕೋಟಿ ಡಾಲರ್. ಅಲ್ಲಿಯವರೆಗೆ ಎನ್‌ಬಿಎ ಕೋಚೊಬ್ಬರಿಗೆ ಅಷ್ಟು ದೊಡ್ಡ ಕರಾರು ಸಿಕ್ಕಿರಲಿಲ್ಲ. ಮೊದಲ ಮೂರು ಪಂದ್ಯದಲ್ಲಿ ಎರಡು ಗೆದ್ದಾಗ, ಪರವಾಗಿಲ್ಲ, ಕೊಟ್ಟ ಕಾಸಿಗೆ ಮೋಸವಿಲ್ಲ ಅಂದುಕೊಂಡೆವು. ಆಮೇಲೆ ಬಂತು ನವೆಂಬರ್. ಇಡೀ ತಿಂಗಳು ಒಂದೇ ಒಂದು ಗೆಲುವಿಲ್ಲ.

ಸೋಲಿನಲ್ಲೂ ದರ್ಜೆಯಿದೆ ಎಂದು ಕಂಡದ್ದು ಆಗಲೇ. ಹತ್ತು ಪಂದ್ಯ ಸೋತಾಗ ಯಾರೂ ಕ್ಯಾರೇ ಅನ್ನಲಿಲ್ಲ. ಹದಿನೈದಾದಾಗ ಆಫೀಸಿನ ಕಾಫಿ ಮೆಷೀನಿನ ಹತ್ತಿರ ಒಂದಿಬ್ಬರು ನಕ್ಕರು. ಇಪ್ಪತ್ತು ದಾಟಿದ್ದೇ ತಡ, ಬ್ಯಾಸ್ಕೆಟ್‌ಬಾಲೆಂದರೆ ಕೈಯಲ್ಲಾಡುವುದೋ ಕಾಲಲ್ಲಾಡುವುದೋ ಗೊತ್ತಿಲ್ಲದವರೂ ಬೆಳಿಗ್ಗೆ ಎದ್ದು, “ನಿಮ್ಮೋರು ನಿನ್ನೆ ಏನು ಮಾಡಿದ್ರು?” ಎಂದು ವಿಚಾರಿಸತೊಡಗಿದರು. ಹುಬ್ಬಳ್ಳಿಯಿಂದ ಫೋನ್ ಮಾಡಿದ ಮಾವನವರು ಮೊಮ್ಮಗನ ಪರೀಕ್ಷೆಗಿಂತ ಮೊದಲು ಪಿಸ್ಟನ್ಸ್ ಸುದ್ದಿ ಕೇಳಿದರು.

ಡಿಸೆಂಬರ್ 26ರ ಪಂದ್ಯಕ್ಕೆ ಮಗನನ್ನು ಕರೆದುಕೊಂಡು ಹೋಗಿದ್ದೆ. ಲಿಟ್ಲ್ ಸೀಸರ್ಸ್ ಅರೀನಾದ ಸೀಟುಗಳು ಮೊದಲು ಕೆಂಪಗಿದ್ದವು. ಖಾಲಿ ಸೀಟು ಟಿವಿಯಲ್ಲಿ ರಾಚುತ್ತದೆಂದು ಕಪ್ಪು ಸೀಟು ಹಾಕಿಸಿದರು. ಇಲ್ಲದ ಪ್ರೇಕ್ಷಕರನ್ನು ಕತ್ತಲಲ್ಲಿ ಬಚ್ಚಿಡುವ ಉಪಾಯ. ಅಂದು ನಮ್ಮ ಸುತ್ತ ಆ ಉಪಾಯ ಬೇಕಾಗಿರಲಿಲ್ಲ, ಸಾಲು ಭರ್ತಿ. 26 ಸೋತು, ಒಂದೇ ಸೀಸನ್ನಿನಲ್ಲಿ ಸತತವಾಗಿ ಸೋತ ದಾಖಲೆಗೆ ಸಮನಾಗಿದ್ದೆವು. ಇನ್ನೊಂದು ಸೋತರೆ ಇತಿಹಾಸ. ಎದುರಿಗಿದ್ದದ್ದು ಮೂರು ದಿನದ ಹಿಂದೆ ನಮ್ಮನ್ನು ತಮ್ಮೂರಲ್ಲಿ ಬಡಿದು ಕಳಿಸಿದ್ದ ಅದೇ ಬ್ರೂಕ್ಲಿನ್. ಹಿಂದಿನ ಸಾಲಿನಲ್ಲಿದ್ದ ಅಜ್ಜ, 1989, 1990ರಲ್ಲಿ ಕಪ್ ಗೆದ್ದ ಪಿಸ್ಟನ್ಸಿನ ‘ಬ್ಯಾಡ್ ಬಾಯ್ಸ್’ ಕಾಲದವನು. ನಮ್ಮ ಹುಡುಗರು ಎದುರಾಳಿಗೆ ದಾರಿ ಬಿಟ್ಟಾಗಲೆಲ್ಲ, ಆ ತಂಡದ ಬಿಲ್ ಲೇಂಬೀರ್ ಆಗಿದ್ದರೆ ಅವನನ್ನು ಅಲ್ಲೇ ಮಲಗಿಸಿರುತ್ತಿದ್ದ ಎಂದು ನನ್ನ ಭುಜ ತಟ್ಟುತ್ತಿದ್ದ. ಕೊನೆಕೊನೆಗೆ ಲೇಂಬೀರ್ ಬಡಿಯುತ್ತಿದ್ದುದು ನನ್ನ ಭುಜಕ್ಕೇ.

ಕೇಡ್ ಕನಿಂಗ್‌ಹ್ಯಾಮ್ ಒಬ್ಬನೇ 41 ಅಂಕ ಹಾಕಿದ. 22 ವರ್ಷದ ಹುಡುಗ, ಬೆವರಿಳಿಸಿಕೊಂಡು ಅತ್ತಿಂದಿತ್ತ ಓಡುತ್ತ, ಮೂರು ಜನರ ಮಧ್ಯೆ ತೂರಿ ಬುಟ್ಟಿಗೆ ಹಾಕಿ, ತಿರುಗಿ ನೋಡುವಷ್ಟರಲ್ಲಿ ಬ್ರೂಕ್ಲಿನ್‌ನವರು ಇನ್ನೊಂದು ತುದಿಯಲ್ಲಿ ಎರಡು ಅಂಕ ಎತ್ತಿಕೊಂಡಿರುತ್ತಿದ್ದರು. 118-112. ಮಾಲೀಕ ಟಾಮ್ ಗೋರ್ಸ್ ಕಿವಿಗೆ ಬೀಳಲೆಂದು ಜನ, ತಂಡ ಮಾರು, ತಂಡ ಮಾರು ಎಂದು ಒಂದೇ ಸಮ ಕೂಗಿದರು. ನನ್ನ ಮಗ ಗಂಭೀರವಾಗಿ, “ಅಪ್ಪ, ಎಷ್ಟಕ್ಕೆ ಕೊಡ್ತಾರಂತೆ?” ಎಂದ.

ಎರಡು ದಿನ ಬಿಟ್ಟು ಬಾಸ್ಟನ್. ಅರ್ಧ ಆಟದ ಹೊತ್ತಿಗೆ 66-47, ಮುಂದಿದ್ದವರು ನಾವು! ಲೀಗಿನ ಅತ್ಯುತ್ತಮ ತಂಡದ ಮೇಲೆ, ಅವರದೇ ಮನೆಯಲ್ಲಿ. ಹೆಂಡತಿ ಪಾಯಸಕ್ಕೆ ಶ್ಯಾವಿಗೆ ಹುರಿಯಲೇ ಎಂದಳು. ಬೇಡ, ಇವರನ್ನು ನಾನು ಬಲ್ಲೆ ಅಂದೆ. ಕೈಗೆ ಬಂದದ್ದು ಬಾಯಿಗೆ ಬರಲಿಲ್ಲ. ಹೆಚ್ಚುವರಿ ಅವಧಿಗೆ ಎಳೆದು 128-122ರಿಂದ ಸೋತರು. ಅದು 28ನೆಯದು. ಎರಡು ಸೀಸನ್ ಸೇರಿಸಿ ಲೆಕ್ಕ ಹಾಕಿದರೆ ಸತತ 28 ಸೋತ ದಾಖಲೆ ಫಿಲಡೆಲ್ಫಿಯಾದ್ದು. ಇನ್ನೊಂದೇ ಒಂದು ಸೋತಿದ್ದರೆ ಎಲ್ಲ ಲೆಕ್ಕದಲ್ಲೂ ನಾವೇ ಅದ್ವಿತೀಯರು. ಡಿಸೆಂಬರ್ 30ರಂದು ಟೊರೊಂಟೊ ತಂಡ ತನ್ನ ಒಳ್ಳೆಯ ಆಟಗಾರ ಒ.ಜಿ. ಅನುನೋಬಿಯನ್ನು ನ್ಯೂಯಾರ್ಕಿಗೆ ಸಾಗಹಾಕಿ, ಬದಲಿಗೆ ಬರುವವರು ಇನ್ನೂ ತಲುಪುವ ಮೊದಲೇ ಡೆಟ್ರಾಯ್ಟಿನಲ್ಲಿ ಆಡಲು ನಿಂತಿತು. ನಮ್ಮವರು 129-127ರಿಂದ ಗೆದ್ದುಬಿಟ್ಟರು! ಊರೆಲ್ಲ ಕುಣಿಯಿತು. ನಾನೂ ಕುಣಿದೆ. ಆದರೂ ಮನಸ್ಸಿನ ಮೂಲೆಯಲ್ಲೊಂದು ಪಿಚ್ಚೆನಿಸಿದ್ದು ಸುಳ್ಳಲ್ಲ.

ಸೀಸನ್ ಮುಗಿದಾಗ ಗೆಲುವು 14, ಸೋಲು 68. ತಂಡದ ಚರಿತ್ರೆಯಲ್ಲೇ ಕನಿಷ್ಠ. ಲೀಗಿನ ಚರಿತ್ರೆಯಲ್ಲಿ ಕನಿಷ್ಠವೇ ಅಂದರೆ, ಅದೂ ಅಲ್ಲ. 1972-73ರಲ್ಲಿ ಫಿಲಡೆಲ್ಫಿಯಾ ಒಂಬತ್ತೇ ಗೆದ್ದಿತ್ತು. ಅಲ್ಲೂ ಅವರೇ ಅಡ್ಡ ಬಂದರು.

ಇರಲಿ, ಸೋತವರಿಗೆ ಅಮೆರಿಕದಲ್ಲಿ ಒಂದು ಸವಲತ್ತಿದೆ. ಹೊಸ ಹುಡುಗರನ್ನು ಆರಿಸುವಾಗ ಮೊದಲ ಸರದಿ ಯಾರದೆಂದು ಲಾಟರಿ ಎತ್ತುತ್ತಾರೆ. ಆ ವರ್ಷಗಳಲ್ಲಿ ಕೊನೆಯ ಮೂರು ತಂಡಗಳಿಗೆ ಮೊದಲ ಸರದಿ ಸಿಗುವ ಸಂಭವ ತಲಾ ಶೇ. 14 ಇತ್ತು. ಬೇಕೆಂದೇ ಸೋಲುವವರಿಗೆ ಆಮಿಷವಾಗಬಾರದೆಂದು ಹೀಗೆ ಹಂಚಿಟ್ಟದ್ದು. ಎಲ್ಲರಿಗಿಂತ ಹಿಂದಿರುವ ತಂಡ ಎಷ್ಟೇ ದುರದೃಷ್ಟವಿದ್ದರೂ ಐದನೇ ಸರದಿಗಿಂತ ಕೆಳಗೆ ಹೋಗುವಂತಿರಲಿಲ್ಲ. 2023ರಲ್ಲೂ ಕೊನೆಯಲ್ಲಿದ್ದವರು ನಾವೇ. ಆಗ ಬಂದದ್ದು ಐದು. ಮೊದಲನೆಯದು ಸ್ಯಾನ್ ಆಂಟೋನಿಯೊ ಪಾಲಾಯಿತು, ವಿಕ್ಟರ್ ವೆಂಬನ್ಯಾಮಾ ಎಂಬ ತೆಂಗಿನ ಮರ ಅವರ ಹಿತ್ತಿಲು ಸೇರಿತು. 2024ರಲ್ಲಿ, ಇಷ್ಟೆಲ್ಲ ಕಷ್ಟಪಟ್ಟು ಸೋತ ಮೇಲೆ? ಮತ್ತೆ ಐದು. ಶೇ. 3ರ ಸಂಭವವಿದ್ದ ಅಟ್ಲಾಂಟಾಕ್ಕೆ ಮೊದಲ ಸರದಿ. ಜೂನ್‌ನಲ್ಲಿ ವಿಲಿಯಮ್ಸ್‌ರನ್ನು ಮನೆಗೆ ಕಳಿಸಿದರು. ಬಾಕಿ ಕೊಡಬೇಕಿದ್ದದ್ದು ಸುಮಾರು 6.5 ಕೋಟಿ ಡಾಲರ್. ಕೆಲಸ ಬಿಡಿಸಿದ್ದಕ್ಕೆ ಅಷ್ಟು ಕೊಡುವುದಾದರೆ ಆ ಕೆಲಸಕ್ಕೆ ನಾನೂ ಅರ್ಜಿ ಹಾಕುತ್ತಿದ್ದೆ. 14 ಪಂದ್ಯ ಗೆಲ್ಲಿಸುವ ಭರವಸೆ ಮಾತ್ರ ಕೊಡಲಾರೆ.

ಹೊಸ ಕೋಚ್ ಜೆ.ಬಿ. ಬಿಕರ್‌ಸ್ಟಾಫ್ ಬಂದರು. 2024-25ರಲ್ಲಿ ಅದೇ ಕೇಡ್, ಅದೇ ಕಪ್ಪು ಸೀಟು, 44 ಗೆಲುವು. ಒಂದೇ ವರ್ಷದಲ್ಲಿ ಮೂರು ಪಟ್ಟಿಗಿಂತ ಹೆಚ್ಚು. ಪ್ಲೇ-ಆಫ್‌ನಲ್ಲಿ ನ್ಯೂಯಾರ್ಕಿನ ಎದುರು ಒಂದು ಪಂದ್ಯ ಗೆದ್ದಾಗ, 2008ರಿಂದ ಆ ಹಂತದಲ್ಲಿ ಗೆಲುವೇ ಕಾಣದಿದ್ದ ಊರು ಬೀದಿಗಿಳಿಯಿತು. ಕೂಟದಲ್ಲಿ ಈಗ ಲಯನ್ಸ್ ಅಂಗಿಯ ಪಕ್ಕದಲ್ಲಿ ಪಿಸ್ಟನ್ಸ್ ಅಂಗಿಗಳು ಕಾಣುತ್ತಿವೆ. ಹಾಕಿಕೊಂಡವರು, ನಾವು ಕಷ್ಟಕಾಲದಲ್ಲೂ ಜೊತೆಗಿದ್ದೆವು ಎನ್ನುತ್ತಾರೆ. ಆ ಕಷ್ಟಕಾಲದಲ್ಲಿ ನನ್ನ ಅಕ್ಕಪಕ್ಕ ಕೂತವರಲ್ಲಿ ಇವರ ಮುಖ ಕಂಡ ನೆನಪಿಲ್ಲ. ಟಿಕೆಟ್ ದರವೂ ಪಿಜ್ಜಾವನ್ನು ದಾಟಿ, ಪಿಜ್ಜಾ ಅಂಗಡಿಯ ಬಾಡಿಗೆಯತ್ತ ಹೊರಟಿದೆ.

ಆ ಸೀಸನ್ನಿನಲ್ಲಿ ಲೀಗಿನ ಕೊನೆಗೆ ನಿಂತದ್ದು ಯೂಟಾ ಜಾಝ್: 17 ಗೆಲುವು, 65 ಸೋಲು. ಲಾಟರಿಯಲ್ಲಿ ಅವರಿಗೆ ಬಂದದ್ದೂ ಐದನೇ ಸರದಿಯೇ. ಸಾಲ್ಟ್ ಲೇಕ್ ಸಿಟಿಯಲ್ಲಿ ಟಿಕೆಟ್ ಏನು ರೇಟು ಎಂದು ಮಗ ಆಗಲೇ ಫೋನಿನಲ್ಲಿ ನೋಡುತ್ತಿದ್ದಾನೆ.