ನೂರಾ ಹತ್ತು ಪರ್ಸೆಂಟ್ ಚಟ್ನಿಪುಡಿ

ಚಿಕ್ಕಮ್ಮ ಚಟ್ನಿಪುಡಿ ವ್ಯಾಪಾರ ಶುರುಮಾಡಿದ್ದೇ ತಡ, "ಹಗಲೆಲ್ಲಾ ಕಂಪ್ಯೂಟರ್ ಮುಂದೇ ಕೂತಿರ್ತೀಯಲ್ಲೋ, ಆ ಬಣ್ಣಬಣ್ಣದ ಲೆಕ್ಕದ ಚಿತ್ರ ಒಂದು ಮಾಡ್ಕೊಡು" ಅಂದರು. ಇನ್ಫೋಗ್ರಾಫಿಕ್ ಅನ್ನೋ ಪದ ಅವರ ನಾಲಿಗೆಗೆ ಹತ್ತಲಿಲ್ಲ. ಅದರ ವಿದ್ಯೆ ನನ್ನ ತಲೆಗೂ ಹತ್ತಿರಲಿಲ್ಲ.

ಆದರೂ ಕೂತೆ. ಹೋಳಿಗೆಯಂಥ ದುಂಡನೆಯ ಪೈ ಚಾರ್ಟು ಬರೆದು ಕಡಲೆಬೇಳೆ, ಉದ್ದಿನಬೇಳೆ, ಕೊಬ್ಬರಿ, ಬೆಳ್ಳುಳ್ಳಿ, ಬ್ಯಾಡಗಿ ಮೆಣಸಿನಕಾಯಿಗೆ ಪಾಲು ಹಂಚಿದೆ. ಹುಣಸೆಹಣ್ಣು ಮರೆತೇಹೋಗಿತ್ತು. ಹಂಚಿದ ಆಸ್ತಿ ವಾಪಸ್ ಕೇಳೋಕೆ ಮನಸ್ಸು ಬರದೆ ಅದಕ್ಕೂ ಮೇಲಿಂದ ಹತ್ತು ಪರ್ಸೆಂಟ್ ಬರೆದೆ. 1801ರಲ್ಲಿ ಇಂಥ ಚಾರ್ಟನ್ನು ಮೊದಲು ಅಚ್ಚು ಹಾಕಿಸಿದ ವಿಲಿಯಂ ಪ್ಲೇಫೇರ್ ಸದ್ಯ, ನಮ್ಮ ನೆಂಟನಲ್ಲ. 1858ರಲ್ಲಿ ಫ್ಲಾರೆನ್ಸ್ ನೈಟಿಂಗೇಲ್ ದುಂಡು ಚಿತ್ರದಲ್ಲೇ, ಸೈನಿಕರನ್ನು ಗಾಯಕ್ಕಿಂತ ರೋಗವೇ ಹೆಚ್ಚು ಕೊಂದಿತು ಅಂತ ತೋರಿಸಿದ್ದರಂತೆ. ನನ್ನ ಚಿತ್ರದಲ್ಲಿ ಬೆಳ್ಳುಳ್ಳಿ ಯಾವುದು, ಮಲ್ಲಿಗೆ ಮೊಗ್ಗು ಯಾವುದು ಅಂತಲೇ ತಿಳಿಯುತ್ತಿರಲಿಲ್ಲ.

ಮೊಳದುದ್ದದ ಚಿತ್ರವನ್ನು ವಾಟ್ಸಾಪ್ ಹಿಂಡಿ ಹಿಪ್ಪೆ ಮಾಡಿದ್ದರಿಂದ ಅಕ್ಷರಗಳು ಬೆಲ್ಲಕ್ಕೆ ಹೊರಟ ಇರುವೆ ಸಾಲಾದವು. ಆದರೂ ಕುಟುಂಬದ ಗ್ರೂಪಿನಲ್ಲಿ ಎಲ್ಲರೂ ಹೆಬ್ಬೆರಳೆತ್ತಿ ಫಾರ್ವರ್ಡ್ ಮಾಡಿದರು. ಓದಿದವರು ಒಬ್ಬರೇ, ನಿವೃತ್ತ ಗಣಿತ ಮೇಷ್ಟ್ರಾದ ನಮ್ಮ ಸೋದರಮಾವ. "ಒಟ್ಟು 110 ಆಗುತ್ತಲ್ಲೋ!" ಅಂತ ಫೋನ್ ಮಾಡಿದರು.

ನಾನು ಬೆವರುವಷ್ಟರಲ್ಲಿ ಚಿಕ್ಕಮ್ಮನೇ ಫೋನ್ ಕಿತ್ತುಕೊಂಡು, "ಹೌದಣ್ಣ, ನಮ್ಮದು ತೂಕ ಸ್ವಲ್ಪ ಧಾರಾಳ" ಅಂದುಬಿಟ್ಟರು.

ವಾರವಾದರೂ ಒಂದು ಆರ್ಡರೂ ಇಲ್ಲ. ಚಿತ್ರವನ್ನು ಹಿಗ್ಗಿಸಿ ನೋಡಿದೆ. ಫೋನ್ ನಂಬರ್ ಇರಬೇಕಾದ ಜಾಗದಲ್ಲಿ ಒಂದು ಕರಿಬೇವಿನ ಎಸಳು ಹಸಿರಾಗಿ ನಗುತ್ತಿತ್ತು.