ಅರ್ಥವಾಗದ ಇಂಗ್ಲಿಷಿನಿಂದ ಊರಾಳುವ ಕ್ರಮ

ಇಂಗ್ಲಿಷ್ ಕಲಿಯಬೇಡಿ. ಕಲಿತವರು ಮೈಸೂರಿನ ತುಂಬ ಇದ್ದಾರೆ, ಅವರನ್ನು ಯಾರೂ ಕೇಳುವುದಿಲ್ಲ. ಯಾರಿಗೂ ಗೊತ್ತಿಲ್ಲದ ನಾಲ್ಕು ಪದ ಬಾಯಿಪಾಠ ಮಾಡಿ, ನಂಜನಗೂಡಿನಲ್ಲಿ ಬಸ್ಸಿಳಿಯಿರಿ.

ಹಲ್ಲಿನಿಂದ ಶುರುಮಾಡಿ. 1913ರಲ್ಲಿ ಬಿ.ವಿ. ಪಂಡಿತರು ಸದ್ವೈದ್ಯಶಾಲೆ ತೆರೆದ ಮೇಲೆ ಈ ಊರಿನ ಹೆಸರು ನಾಡಿನ ಬಚ್ಚಲುಮನೆಗಳನ್ನೆಲ್ಲ ಹೊಕ್ಕಿದೆ. ಹಾಗೆಂದು ಅಂಗಡಿಯಲ್ಲಿ ‘ಹಲ್ಲುಪುಡಿ ಕೊಡಪ್ಪ’ ಅನ್ನಬೇಡಿ. ‘ಒಂದು ಡೆಂಟಿಫ್ರಿಸ್’ ಅನ್ನಿ. ಅಂಗಡಿಯವನು ಮೇಲಿನ ಹಲಗೆ ತಡಕುತ್ತಾನೆ, ಒಳಗೆ ಹೋಗಿ ಹೆಂಡತಿಯನ್ನು ಕೇಳುತ್ತಾನೆ, ಬಂದು ‘ನಾಳೆ ಲೋಡ್ ಬತ್ತದೆ ಸಾ’ ಅನ್ನುತ್ತಾನೆ. ಹಲ್ಲುಪುಡಿ ಡಬ್ಬಿ ಅವನ ಮೊಣಕೈ ಪಕ್ಕದಲ್ಲೇ ಕೂತಿರುತ್ತದೆ. ಬೆರಳು ತೋರಿಸಬೇಡಿ. ಹಲ್ಲುಜ್ಜದೆ ಮನೆಗೆ ಹೋಗಿ. ಮರ್ಯಾದೆ ಪುಕ್ಕಟೆ ಸಿಗುವುದಿಲ್ಲ.

ಶ್ರೀಕಂಠೇಶ್ವರನ ದಾಸೋಹದ ಸಾಲು ಉದ್ದವಿದ್ದರೆ ಹೊಟ್ಟೆ ಹಿಡಿದುಕೊಂಡು ‘ಬಾರ್ಬರಿಗ್ಮಸ್’ ಎಂದು ನರಳಿ. ಹಸಿದ ಹೊಟ್ಟೆ ಗುರುಗುಟ್ಟುವುದಕ್ಕೆ ಇಂಗ್ಲಿಷಿನವರು ಇಟ್ಟ ಹೆಸರು ಅದು, ಅಷ್ಟೆ. ಟಿಪ್ಪು ಸುಲ್ತಾನ ‘ಹಕೀಮ್ ನಂಜುಂಡ’ ಎಂದನೆಂಬ ದೇವರ ಸನ್ನಿಧಿ. ಕಾಯಿಲೆಯವರಿಗೆ ಇಲ್ಲಿ ದಾರಿ ಬಿಡುತ್ತಾರೆ. ಕಬಿನಿ ನಾಲೆಯ ಏರಿ ಮೇಲೆ ಸುಮ್ಮನೆ ನೀರು ನೋಡುತ್ತ ಕೂತವರನ್ನು ‘ಗಾಂಗೂಜ್ಲರ್’ ಎನ್ನಬಹುದು, ಆದರೆ ಬೈಕು ಸ್ಟಾರ್ಟ್ ಮಾಡಿಟ್ಟುಕೊಂಡು ಅನ್ನಿ.

ದೊಡ್ಡ ಪದವನ್ನು ತಿರುಮಕೂಡಲು ನರಸೀಪುರಕ್ಕೆ ಉಳಿಸಿಕೊಳ್ಳಿ. ಅಲ್ಲಿ ಕಾವೇರಿ, ಕಪಿಲೆಯ ಜೊತೆಗೆ ಕಣ್ಣಿಗೆ ಬೀಳದ ಸ್ಫಟಿಕ ಸರೋವರವೂ ಸೇರುತ್ತದೆ. ಕಾಣದ ನೀರಿಗೆ ಕೈಮುಗಿಯುವವರು ತಿಳಿಯದ ಪದಕ್ಕೂ ಮುಗಿಯುತ್ತಾರೆ. 1989ರಿಂದ ಮೂರು ವರ್ಷಕ್ಕೊಮ್ಮೆ ನಡೆಯುತ್ತಿರುವ ಕುಂಭಮೇಳವನ್ನೇ ಕಾಯಿರಿ. ಪೆಂಡಾಲು, ಪಾರ್ಕಿಂಗು, ಪುಣ್ಯ ಎಲ್ಲದರ ಬಗ್ಗೆಯೂ ಅಪ್ಪಣೆ ಕೊಡಿಸುವ ಮುಖಂಡರೊಬ್ಬರು ಸಿಗುತ್ತಾರೆ. ಹಾರ ಹಾಕಿ, ‘ತಾವು ದೊಡ್ಡ ಅಲ್ಟ್ರಾಕ್ರೆಪಿಡೇರಿಯನ್’ ಅನ್ನಿ. ಚಿತ್ರದಲ್ಲಿನ ಚಪ್ಪಲಿಯ ತಪ್ಪು ಹೇಳಿದ ಚಮ್ಮಾರ ಕಾಲಿನ ತಪ್ಪನ್ನೂ ಹೇಳಹೊರಟಾಗ, ಚಪ್ಪಲಿಯಿಂದ ಮೇಲಕ್ಕೆ ಬರಬೇಡ ಎಂದನಂತೆ ಗ್ರೀಕ್ ಚಿತ್ರಕಾರ ಅಪೆಲೀಸ್. ಆ ಕತೆಯಿಂದ ಹುಟ್ಟಿದ ಪದವಿದು; ತನಗೆ ತಿಳಿಯದ್ದರಲ್ಲೆಲ್ಲ ತೀರ್ಪು ಕೊಡುವವನು ಎಂದರ್ಥ. ಅರ್ಥ ನಿಮ್ಮಲ್ಲೇ ಇರಲಿ. ಮುಂದಿನ ಫ್ಲೆಕ್ಸಿನಲ್ಲಿ ಅವರ ಹೆಸರಿನ ಮುಂದೆ ಅದು ಅಚ್ಚಾಗುತ್ತದೆ. ಕಾಗುಣಿತ ತಿದ್ದಿಕೊಡಿ, ಬೇಕಾದರೆ ಚಾರ್ಜು ಮಾಡಿ.

ಹೈಸ್ಕೂಲು ಹುಡುಗರ ಹತ್ತಿರ ಮಾತ್ರ ಹುಷಾರು. ಮೊಬೈಲು ತೆಗೆದು ‘ಇಂಥ ಪದವೇ ಇಲ್ಲ ಅಂಕಲ್’ ಎಂದುಬಿಡುತ್ತಾರೆ. ಬೆವರಬೇಡಿ. 1934ರ ವೆಬ್‌ಸ್ಟರ್ ನಿಘಂಟಿನ ಕತೆ ಹೇಳಿ: ಸಾಂದ್ರತೆಯ ಸಂಕೇತವೆಂದು ‘D or d’ ಎಂದು ಬರೆದಿದ್ದ ಚೀಟಿಯನ್ನು ತಪ್ಪಾಗಿ ಓದಿ ‘ಡಾರ್ಡ್’ ಎಂಬ ಇಲ್ಲದ ಪದವನ್ನೇ ಅಚ್ಚು ಹಾಕಿದರು, 1939ರವರೆಗೆ ಯಾರ ಕಣ್ಣಿಗೂ ಬೀಳಲಿಲ್ಲ. ನಿಮ್ಮ ಪದಕ್ಕೂ ಐದು ವರ್ಷ ವಾಯಿದೆ ಕೇಳಿ. ಹುಡುಗ ಅಷ್ಟಕ್ಕೂ ಬಿಡದಿದ್ದರೆ ‘ಯಾವ ಸ್ಕೂಲಪ್ಪ ನಿಂದು?’ ಎಂದು ಗದರಿಸಿ, ಅವನು ಬಾಯಿ ತೆರೆಯುವುದರೊಳಗೆ ಕೊಳ್ಳೇಗಾಲದ ಬಸ್ಸು ಹತ್ತಿ. ಅಲ್ಲಿ ಡೆಂಟಿಫ್ರಿಸ್ ಇನ್ನೂ ಯಾರೂ ಕೇಳಿಲ್ಲ.